ರಾಜಧಾನಿ ಹೋದ ಮೇಲಿನ ಬಾದಾಮಿ

ಪರೀಕ್ಷೆಗೆ ಓದುತ್ತಿರುವ ಯಾವ ವಿದ್ಯಾರ್ಥಿಯನ್ನಾದರೂ ಬಾದಾಮಿಯ ಬಗ್ಗೆ ಕೇಳಿ. ಮೊದಲ ಪುಲಕೇಶಿ ಕೋಟೆ ಕಟ್ಟಿದ, ಇಮ್ಮಡಿ ಪುಲಕೇಶಿ ಹರ್ಷವರ್ಧನನನ್ನು ತಡೆದ, ಪಲ್ಲವರ ನರಸಿಂಹವರ್ಮ ಊರನ್ನು ಗೆದ್ದ, ಕೊನೆಗೆ ರಾಷ್ಟ್ರಕೂಟರು ಬಂದರು ಎಂದು ಒಂದೇ ಉಸಿರಿನಲ್ಲಿ ಹೇಳಿಬಿಡುತ್ತಾರೆ. ಅಲ್ಲಿಗೆ ಅಧ್ಯಾಯ ಮುಗಿಯುತ್ತದೆ. ಪುಟ ತಿರುಗಿಸಿದರೆ ಮಾನ್ಯಖೇಟ. ಬಾದಾಮಿ ಮತ್ತೆ ಎಲ್ಲಿಯೂ ಬರುವುದಿಲ್ಲ.

ಲೆಕ್ಕ ಹಾಕಿ ನೋಡಿದರೆ ಈ ಊರು ಚಾಲುಕ್ಯರ ರಾಜಧಾನಿಯಾಗಿದ್ದುದು ಸುಮಾರು 210 ವರ್ಷ. ರಾಜಧಾನಿಯಲ್ಲದೆ ಬಾಳಿದ್ದು 1,250 ವರ್ಷಕ್ಕೂ ಹೆಚ್ಚು. ಆ ದೀರ್ಘ ಕಾಲದಲ್ಲಿಯೂ ಇಲ್ಲಿ ಅರಸರು ಬದಲಾದರು, ಕೋಟೆಗೆ ಮುತ್ತಿಗೆ ಬಿತ್ತು, ದೇವಾಲಯಗಳು ಎದ್ದವು, ಜನ ಹುಟ್ಟಿ ಸತ್ತರು. ಅದೆಲ್ಲವನ್ನೂ ಬಿಟ್ಟು ಮೊದಲ 210 ವರ್ಷಗಳನ್ನು ಮಾತ್ರ ಬಾದಾಮಿಯ ಇತಿಹಾಸ ಎನ್ನುವುದು ಎಷ್ಟು ಸರಿ? ಈ ಪ್ರಶ್ನೆ ಪಠ್ಯಪುಸ್ತಕದ ಮಟ್ಟಿಗೆ ನಿಲ್ಲುವಂಥದ್ದಲ್ಲ ಎಂಬುದನ್ನು ಲೇಖನದ ಕೊನೆಯಲ್ಲಿ ಹೇಳುತ್ತೇನೆ. ಮೊದಲು ಊರನ್ನು ನೋಡೋಣ.

ಬಾದಾಮಿಯನ್ನು ಅರ್ಥ ಮಾಡಿಕೊಳ್ಳಲು ಕೆರೆಯ ಕಟ್ಟೆಯ ಮೇಲೆ ನಿಲ್ಲಬೇಕು. ಎಡಕ್ಕೊಂದು, ಬಲಕ್ಕೊಂದು ಕೆಂಪು ಮರಳುಗಲ್ಲಿನ ಬೆಟ್ಟ. ನಡುವೆ ಅಗಸ್ತ್ಯ ತೀರ್ಥ. ಎದುರಿಗೆ, ಪೂರ್ವದ ಕೊನೆಯಲ್ಲಿ, ಭೂತನಾಥ ಗುಡಿಗಳು. ಬೆನ್ನ ಹಿಂದೆ, ಪಶ್ಚಿಮಕ್ಕೆ, ಊರು. ಮಳೆಗಾಲದಲ್ಲಿ ಬಂಡೆಗಳ ಮೇಲಿನಿಂದ ನೀರು ಧುಮುಕಿ ಕೆರೆಗೆ ಇಳಿಯುತ್ತದೆ. ಊರಿನವರು ಆ ಧಾರೆಗಳನ್ನು ಅಕ್ಕ-ತಂಗಿ ಎಂದು ಕರೆಯುತ್ತಾರೆ. ಶತ್ರು ಬಂದರೆ ಏರಿ ಕೂರಲು ಬೆಟ್ಟ, ಬೇಸಿಗೆಯಲ್ಲಿ ಕುಡಿಯಲು ಕೆರೆ, ಕಡಿದು ಕಟ್ಟಲು ಮೆದುವಾದ ಕಲ್ಲು. ಕದಂಬರ ಅಧೀನದಿಂದ ತಲೆಯೆತ್ತುತ್ತಿದ್ದ ಒಂದು ಮನೆತನಕ್ಕೆ ಇದಕ್ಕಿಂತ ಒಳ್ಳೆಯ ಜಾಗ ಬೇಕಿರಲಿಲ್ಲ.

ಉತ್ತರದ ಬೆಟ್ಟದ ಬಂಡೆಯ ಮೇಲೆ ಶಕ 465ರ, ಅಂದರೆ ಕ್ರಿ.ಶ. 543ರ ಚಿಕ್ಕ ಸಂಸ್ಕೃತ ಶಾಸನವೊಂದಿದೆ. ಅಶ್ವಮೇಧ ಮುಂತಾದ ಯಾಗಗಳನ್ನು ಮಾಡಿದ ಚಲಿಕ್ಯ ವಲ್ಲಭೇಶ್ವರನು ವಾತಾಪಿ ಬೆಟ್ಟವನ್ನು ಮೇಲಿನಿಂದಲೂ ಕೆಳಗಿನಿಂದಲೂ ಯಾರೂ ಭೇದಿಸಲಾಗದ ದುರ್ಗವನ್ನಾಗಿ ಮಾಡಿದನೆಂದು ಅದು ಹೇಳುತ್ತದೆ. ಈ ವಲ್ಲಭೇಶ್ವರನೇ ಮೊದಲ ಪುಲಕೇಶಿ. ಗಮನಿಸಬೇಕಾದದ್ದು, ಊರಿನ ಈ ಮೊದಲ ರಾಜಶಾಸನದಲ್ಲಿ ಅರಮನೆಯ ಮಾತಿಲ್ಲ, ಬೀದಿಯ ಮಾತಿಲ್ಲ. ಇರುವುದು ಬೆಟ್ಟ ಮತ್ತು ಕೋಟೆ. ಬಾದಾಮಿ ಹುಟ್ಟಿದ್ದೇ ಹಿಡಿದಿಟ್ಟುಕೊಳ್ಳಬೇಕಾದ ಜಾಗವಾಗಿ.

ಮೂವತ್ತೈದು ವರ್ಷ ಕಳೆದ ಮೇಲೆ ಎದುರಿನ ಬೆಟ್ಟದಲ್ಲಿ ಮೂರನೆಯ ಗುಹೆ ಸಿದ್ಧವಾಯಿತು. ಅಲ್ಲಿಯ ಶಾಸನಕ್ಕೆ ಶಕ 500, ಕ್ರಿ.ಶ. 578ರ ಕಾರ್ತಿಕ ಹುಣ್ಣಿಮೆಯ ದಿನಾಂಕವಿದೆ. ಆಗ ಆಳುತ್ತಿದ್ದವನು ಪುಲಕೇಶಿಯ ಮಗ ಕೀರ್ತಿವರ್ಮ. ಗುಹೆಯನ್ನು ಮಾಡಿಸಿದವನು ಅವನ ತಮ್ಮ ಮಂಗಲೇಶ. ಈ ವಿಷ್ಣುಗೃಹದ ಪುಣ್ಯವೆಲ್ಲ ಅಣ್ಣನಿಗೆ ಸೇರಲಿ, ಅಣ್ಣನ ಸೇವೆ ಮಾಡಿದ ಫಲವೊಂದು ನನಗಿರಲಿ ಎಂಬ ಅರ್ಥದ ಮಾತು ಅದರಲ್ಲಿದೆ. ಅದೇ ಗುಹೆಯಲ್ಲಿ ಮಂಗಲೇಶನ ಇನ್ನೊಂದು ಶಾಸನ ಕನ್ನಡದಲ್ಲಿದೆ. ಕಲ್ಮನೆಗೆ ಬಿಟ್ಟುಕೊಟ್ಟ ಹಳ್ಳಿಯ ಸಂಗತಿ ಅದರಲ್ಲಿ ಬರುತ್ತದೆ, ದೇವರಿಗೆ ಹೂಮಾಲೆ ಕಟ್ಟುವವರ ಪ್ರಸ್ತಾಪವೂ ಬರುತ್ತದೆ. ಕಾಲ, ವಂಶ, ಪುಣ್ಯ ಸಂಸ್ಕೃತಕ್ಕೆ. ಊರಿನವರಿಗೆ ತಿಳಿಯಬೇಕಾದ ವ್ಯವಹಾರ ಕನ್ನಡಕ್ಕೆ. ಆರನೆಯ ಶತಮಾನದಲ್ಲಿಯೇ ಈ ಹಂಚಿಕೆ ಕಾಣುತ್ತದೆ.

ಆ ಅಣ್ಣ ತೀರಿಕೊಂಡಾಗ ಮಗ ಚಿಕ್ಕವನು. ಮಂಗಲೇಶ ಪಟ್ಟಕ್ಕೆ ಬಂದ. ಮುಂದಿನ ಕತೆಯನ್ನು 634ರ ಐಹೊಳೆ ಶಾಸನದಲ್ಲಿ ಕವಿ ರವಿಕೀರ್ತಿ ಹೇಳಿದ್ದಾನೆ: ರಾಜ್ಯವನ್ನು ತನ್ನ ಮಗನಿಗೆ ಉಳಿಸಲು ಹೊರಟ ಮಂಗಲೇಶ ಆ ಯತ್ನದ ಜೊತೆಗೇ ರಾಜ್ಯವನ್ನೂ ಜೀವವನ್ನೂ ಕಳೆದುಕೊಂಡ. ಗೆದ್ದವನು ಅಣ್ಣನ ಮಗ, ಇಮ್ಮಡಿ ಪುಲಕೇಶಿ. ಹೀಗೆ ಈ ಊರು ಕಂಡ ಮೊದಲ ರಕ್ತಸಿಕ್ತ ಅಧಿಕಾರ ಬದಲಾವಣೆ ಹೊರಗಿನವರಿಂದ ಆದದ್ದಲ್ಲ, ಒಂದೇ ಮನೆಯ ಚಿಕ್ಕಪ್ಪ-ಮಗನ ನಡುವೆ ಆದದ್ದು. ಗೆದ್ದ ಪುಲಕೇಶಿ ಮೂರನೆಯ ಗುಹೆಯಿಂದ ಮಂಗಲೇಶನ ಹೆಸರನ್ನು ಕೆತ್ತಿ ತೆಗೆಸಲಿಲ್ಲ. ಅಣ್ಣನ ಸೇವೆಯೇ ತನಗೆ ಸಾಕೆಂದವನ ಮಾತು ಇಂದಿಗೂ ಅಲ್ಲಿಯೇ ಇದೆ. ಅದನ್ನು ಓದಿ ಹೊರಬರುವಾಗ ಮನಸ್ಸಿಗೆ ಏನೋ ಆಗುತ್ತದೆ.

ಎರಡನೆಯ ಬದಲಾವಣೆ ನಮಗೆಲ್ಲ ಗೊತ್ತಿರುವುದು. 642ರ ಸುಮಾರಿಗೆ ಪಲ್ಲವ ನರಸಿಂಹವರ್ಮ ವಾತಾಪಿಯನ್ನು ಹಿಡಿದ. ಈ ಗೆಲುವನ್ನು ಹೊಗಳಲು ಪಲ್ಲವರ ತಾಮ್ರಶಾಸನ ಬರೆದ ಕವಿಗಳಿಗೆ ಒಂದು ಸಿದ್ಧ ಶ್ಲೇಷೆ ಸಿಕ್ಕಿತು. ಪುರಾಣದಲ್ಲಿ ವಾತಾಪಿ ಎಂಬ ರಾಕ್ಷಸನನ್ನು ಅಗಸ್ತ್ಯ ಜೀರ್ಣಿಸಿಕೊಂಡನಲ್ಲ. ನಮ್ಮ ಅರಸ ವಾತಾಪಿ ಎಂಬ ನಗರವನ್ನೇ ನಾಶ ಮಾಡಿದ ಅಗಸ್ತ್ಯ ಎಂದರು. ಓಡುವ ಪುಲಕೇಶಿಯ ಬೆನ್ನೇ ತಾಮ್ರಪಟವಾಗಿ ಅದರ ಮೇಲೆ ವಿಜಯದ ಅಕ್ಷರಗಳನ್ನು ಬರೆದನೆಂದೂ ವರ್ಣಿಸಿದರು. ಸೋತವನ ಊರಿನಲ್ಲಿ ಮಾತ್ರ ಅದೇ ಅಗಸ್ತ್ಯ ಕೆರೆಯ ಹೆಸರಾಗಿ ಸೌಮ್ಯನಾಗಿ ನೆಲೆಸಿದ್ದಾನೆ. ಬಟ್ಟೆ ಒಗೆಯುವ ಮೆಟ್ಟಿಲುಗಳ ಮೇಲೆ ಅವನ ಹೆಸರಿನಲ್ಲಿ ಯಾವ ಜಗಳವೂ ಇಲ್ಲ.

ನರಸಿಂಹವರ್ಮ ತಾನು ಗೆದ್ದ ಊರಿನ ಬಂಡೆಯ ಮೇಲೆ ತನ್ನ ಶಾಸನ ಕೆತ್ತಿಸಿದ. ಅವನ ಆಳ್ವಿಕೆಯ 13ನೆಯ ವರ್ಷದ ಆ ಶಾಸನ ಇಂದು ಬಹಳ ಸವೆದು ಒಡೆದಿದೆ. ಅಷ್ಟಾದರೂ ಅದು ಉಳಿದದ್ದರಿಂದಲೇ ಪಲ್ಲವರು ಇಲ್ಲಿಗೆ ಬಂದದ್ದು ಬರೀ ಹೊಗಳಿಕೆಯ ಮಾತಲ್ಲ ಎಂದು ನಮಗೆ ಖಚಿತವಾಗಿ ತಿಳಿದದ್ದು.

ಇಲ್ಲಿ ಎರಡು ಸಂಗತಿಗಳನ್ನು ಬಿಡಿಸಿ ನೋಡಬೇಕು. ಇಮ್ಮಡಿ ಪುಲಕೇಶಿ ಈ ಯುದ್ಧದಲ್ಲಿ ಮಡಿದನೆಂದು ಪುಸ್ತಕಗಳು ಬರೆಯುತ್ತವೆ. ಪಲ್ಲವರ ಶಾಸನಗಳು ಅವನ ಸೋಲನ್ನು ಹೇಳುತ್ತವೆ, ಬೆನ್ನು ತೋರಿಸಿದ್ದನ್ನು ಹೇಳುತ್ತವೆ. ಸಾವು ಇತಿಹಾಸಕಾರರು ಆ ಮೇಲಿನ ಮೌನದಿಂದ ಮಾಡಿದ ಊಹೆ. ಎರಡನೆಯದು ವಾತಾಪಿ ಗಣಪತಿ. ಪಲ್ಲವ ಸೇನಾಪತಿ ಪರಂಜ್ಯೋತಿ ಬಾದಾಮಿಯಿಂದ ಗಣಪತಿಯ ವಿಗ್ರಹವನ್ನು ತಮಿಳುನಾಡಿನ ತಿರುಚ್ಚೆಂಗಾಟ್ಟಂಗುಡಿಗೆ ಒಯ್ದನೆಂಬ ಕತೆ ಮುತ್ತುಸ್ವಾಮಿ ದೀಕ್ಷಿತರ ಹಂಸಧ್ವನಿ ರಾಗದ ಕೃತಿಯಿಂದಾಗಿ ಎಲ್ಲರ ಕಿವಿಗೂ ಬಿದ್ದಿದೆ. ಆದರೆ ಆ ಸೇನಾಪತಿಯ ಚರಿತ್ರೆಯನ್ನು ಹೇಳುವ 12ನೆಯ ಶತಮಾನದ ಪೆರಿಯ ಪುರಾಣದಲ್ಲಿ ವಾತಾಪಿಯಿಂದ ಆನೆ, ಕುದುರೆ, ರತ್ನಗಳನ್ನು ತಂದ ಮಾತಿದೆ, ಗಣಪತಿಯ ಮಾತಿಲ್ಲ. ಒಂದು ಊರು ಸೋತ ನೆನಪು ಗೆದ್ದವರ ಊರಿನಲ್ಲಿ ಹೀಗೆ ನಿಧಾನವಾಗಿ ಬೆಳೆಯುತ್ತದೆ. ತಮಿಳಿನಲ್ಲಿ ಕಲ್ಕಿ ಅವರ ‘ಶಿವಗಾಮಿಯ ಶಪಥ’ ಕಾದಂಬರಿ ಈ ಯುದ್ಧವನ್ನು ಮನೆಮನೆಗೂ ತಲುಪಿಸಿತು. ಅಲ್ಲಿಯ ಪುಲಕೇಶಿಯನ್ನು ನಮ್ಮ ಶಾಲೆಯ ಪುಲಕೇಶಿಯ ಪಕ್ಕದಲ್ಲಿ ನಿಲ್ಲಿಸಿದರೆ ಇಬ್ಬರೂ ಒಬ್ಬನೇ ಎಂದು ನಂಬುವುದು ಕಷ್ಟ.

ಸುಮಾರು 13 ವರ್ಷಗಳ ನಂತರ ಪುಲಕೇಶಿಯ ಮಗ ಮೊದಲ ವಿಕ್ರಮಾದಿತ್ಯ ಊರನ್ನು ಮರಳಿ ಪಡೆದ. ಮೂವರು ಅರಸರು ಸೇರಿ ಅಪಹರಿಸಿದ್ದ ತಂದೆಯ ರಾಜ್ಯಲಕ್ಷ್ಮಿಯನ್ನು ತಾನು ತಂದೆನೆಂದೂ, ಆ ಅವಧಿಯಲ್ಲಿ ನಿಂತುಹೋಗಿದ್ದ ದೇವರ, ಬ್ರಾಹ್ಮಣರ ದತ್ತಿಗಳನ್ನು ಮತ್ತೆ ನಡೆಸಿದೆನೆಂದೂ ಅವನ ಶಾಸನಗಳು ಹೇಳುತ್ತವೆ. ನನಗೆ ಈ ಎರಡನೆಯ ಮಾತು ಮುಖ್ಯವೆನಿಸುತ್ತದೆ. ಅರಸನ ಸೋಲೆಂದರೆ ಕೆಳಗೆ ಏನಾಗುತ್ತದೆ ಎಂಬುದು ಇಲ್ಲೊಂದೇ ಕಡೆ ಸ್ವಲ್ಪ ಕಾಣುತ್ತದೆ. ದತ್ತಿ ನಿಂತರೆ ದೀಪಕ್ಕೆ ಎಣ್ಣೆ ಬರುವುದಿಲ್ಲ. ಗುಡಿಯನ್ನು ನಂಬಿ ಬದುಕುವ ಅರ್ಚಕ, ಹೂಗಾರ, ವಾದ್ಯದವರ ಮನೆಯಲ್ಲಿ ಒಲೆ ಹೊತ್ತುವುದೂ ಕಷ್ಟ. ಮಂಗಲೇಶನ ಕನ್ನಡ ಶಾಸನದ ಮಾಲೆ ಕಟ್ಟುವವರ ಮೊಮ್ಮಕ್ಕಳು ಆ 13 ವರ್ಷ ಹೇಗೆ ದಿನ ದೂಡಿದರೋ, ಅದನ್ನು ಯಾರೂ ಬಂಡೆಯ ಮೇಲೆ ಬರೆಸಲಿಲ್ಲ.

ಮುಂದಿನ ನೂರು ವರ್ಷ ಬಾದಾಮಿ ಮತ್ತೆ ರಾಜಧಾನಿ. 699ರಲ್ಲಿ ವಿಜಯಾದಿತ್ಯನ ತಾಯಿ ವಿನಯವತಿ ಊರ ನಡುವೆ ಬ್ರಹ್ಮ, ವಿಷ್ಣು, ಮಹೇಶ್ವರರಿಗೆ ಗುಡಿ ಕಟ್ಟಿಸಿದಳು. ಇಂದು ಅದನ್ನು ಜಂಬುಲಿಂಗ ಗುಡಿ ಎನ್ನುತ್ತಾರೆ. ಸುತ್ತ ಮನೆಗಳು ಒತ್ತಿಕೊಂಡಿವೆ. ಅದೇ ಸುಮಾರಿನಲ್ಲಿ ಕೆರೆಯ ಹತ್ತಿರದ ಬಂಡೆಯ ಮೇಲೆ ಕಪ್ಪೆ ಅರಭಟ್ಟನ ಶಾಸನ ಬಂತು. ತ್ರಿಪದಿಯ ಹಳೆಯ ಮಾದರಿ ಅದರಲ್ಲಿದೆಯೆಂದು ಕನ್ನಡ ವಿದ್ಯಾರ್ಥಿಗಳೆಲ್ಲ ಅದನ್ನು ಓದಿರುತ್ತೇವೆ. ಆದರೆ ಅದರಲ್ಲಿ ಅರಸನ ಹೆಸರಿಲ್ಲ ಎಂಬುದನ್ನು ಎಷ್ಟು ಜನ ಗಮನಿಸಿದ್ದೇವೆ? ರಾಜಧಾನಿಯ ನಟ್ಟನಡುವೆ, ರಾಜರು ಬರೆಸುವ ಬಂಡೆಯಂಥದೇ ಬಂಡೆಯ ಮೇಲೆ, ಒಳ್ಳೆಯವರಿಗೆ ಒಳ್ಳೆಯವನೂ ಕೆಟ್ಟವರಿಗೆ ಕೇಡಿಗನೂ ಆಗಿದ್ದ ಒಬ್ಬ ಮನುಷ್ಯನ ಗುಣವನ್ನು ಯಾರೋ ಬರೆಸಿದ್ದಾರೆ. ಅರಸರ ಸಂಸ್ಕೃತ ಶಾಸನಗಳು ಪಂಡಿತರ ಸ್ವತ್ತಾದವು. ಇವನ ಕನ್ನಡ ನಮ್ಮ ಮಾತಿನಲ್ಲಿ ಬೆರೆತುಹೋಯಿತು.

ಇಮ್ಮಡಿ ವಿಕ್ರಮಾದಿತ್ಯನ ಕಾಲಕ್ಕೆ ಲೆಕ್ಕ ತಿರುಗಿತು. ಅವನು ಕಂಚಿಯನ್ನು ಗೆದ್ದ. ಅಲ್ಲಿಯ ಕೈಲಾಸನಾಥ ಗುಡಿಯಲ್ಲಿ ಅವನ ಕನ್ನಡ ಶಾಸನವಿದೆ: ದೇವರ ಸಂಪತ್ತನ್ನು ನೋಡಿ, ಮುಟ್ಟದೆ ದೇವರಿಗೇ ಮರಳಿಸಿದನಂತೆ. ಅವನ ರಾಣಿ ಲೋಕಮಹಾದೇವಿ ಆ ಗೆಲುವಿನ ನೆನಪಿಗೆ ಪಟ್ಟದಕಲ್ಲಿನಲ್ಲಿ ಕಟ್ಟಿಸಿದ ಗುಡಿಯೇ ಇಂದಿನ ವಿರೂಪಾಕ್ಷ ದೇವಾಲಯ. ಬಾದಾಮಿಯಲ್ಲಿ ತಮಿಳು ಅರಸನ ಅಕ್ಷರ, ಕಂಚಿಯಲ್ಲಿ ಕನ್ನಡ ಅಕ್ಷರ. ನೂರು ವರ್ಷದ ಹಗೆತನದಲ್ಲಿ ಎರಡೂ ಕಡೆಯ ಶಿಲ್ಪಿಗಳು ಒಬ್ಬರ ಗುಡಿಯನ್ನು ಇನ್ನೊಬ್ಬರು ನೋಡಿ ಕಲಿತರು ಎಂಬುದು ವಿರೂಪಾಕ್ಷದ ಮುಂದೆ ನಿಂತರೆ ಕಾಣುತ್ತದೆ.

ರಾಜಧಾನಿ ಕೈಬಿಟ್ಟದ್ದು ಮಾತ್ರ ಸದ್ದಿಲ್ಲದೆ. 750ರ ದಶಕದಲ್ಲಿ ರಾಷ್ಟ್ರಕೂಟ ದಂತಿದುರ್ಗ ಚಾಲುಕ್ಯರ ಮೇಲುಗೈಯನ್ನು ಮುರಿದ. ಕೊನೆಯ ಅರಸ ಇಮ್ಮಡಿ ಕೀರ್ತಿವರ್ಮ 757ರಲ್ಲಿ ಹೊರಡಿಸಿದ ವಕ್ಕಲೇರಿ ತಾಮ್ರಶಾಸನ ಭೀಮಾನದಿಯ ದಡದ ಬೀಡಿನಿಂದ ಹೊರಟದ್ದು. ಪಲ್ಲವರು ಬಂದಾಗಿನಂತೆ ಈ ಸಲ ಬಾದಾಮಿಯ ಬಂಡೆಯ ಮೇಲೆ ವಿಜಯದ ಘೋಷಣೆಯಿಲ್ಲ. ಹೊಸ ಅರಸರಿಗೆ ಈ ಊರು ಬೇಕಾಗಿರಲಿಲ್ಲ, ಅಷ್ಟೆ. ಆಳುವ ನೆಲ ಉತ್ತರಕ್ಕೆ ಹರಡಿತ್ತು. ಎರಡು ಬೆಟ್ಟಗಳ ನಡುವಿನ ಕೆರೆ ಅದಕ್ಕೆ ಕೇಂದ್ರವಾಗಲು ಆಗುತ್ತಿರಲಿಲ್ಲ. ಎರಡು ಶತಮಾನ ಕಳೆದು ಕಲ್ಯಾಣದ ಚಾಲುಕ್ಯರು ತಲೆಯೆತ್ತಿದಾಗ ತಾವು ಬಾದಾಮಿಯವರ ವಂಶದವರೇ ಎಂದು ತಾಮ್ರಪಟಗಳಲ್ಲಿ ಬರೆಸಿಕೊಂಡರು. ವಂಶ ಬೇಕಾಯಿತು. ಆದರೂ ರಾಜಧಾನಿಯನ್ನು ಇಲ್ಲಿಗೆ ತರಲಿಲ್ಲ.

ಇಲ್ಲಿಂದಲೇ ಪಠ್ಯಪುಸ್ತಕ ಬಿಟ್ಟ ಬಾದಾಮಿ ಶುರುವಾಗುವುದು. ಕೆರೆಯ ದಡದ ಯಲ್ಲಮ್ಮ ಗುಡಿ 11-12ನೆಯ ಶತಮಾನದ ಕಲ್ಯಾಣ ಚಾಲುಕ್ಯರ ಕಾಲದ್ದು. ಅಂದರೆ ಅರಸ ಹೋದ ಮೇಲೂ ಗುಡಿ ಕಟ್ಟಿಸುವಷ್ಟು ಹಣ, ಜನ, ಭಕ್ತಿ ಊರಿನಲ್ಲಿ ಉಳಿದಿತ್ತು. 1340ರ ಸುಮಾರಿನ ಶಾಸನವೊಂದರಲ್ಲಿ ವಿಜಯನಗರದ ಮೊದಲ ಹರಿಹರನ ಅಧಿಕಾರಿ ಇಲ್ಲಿ ಕೋಟೆ ಕಟ್ಟಿಸಿದ ಸಂಗತಿ ಬರುತ್ತದೆ. ವಿಜಯನಗರ ಸಾಮ್ರಾಜ್ಯ ಹುಟ್ಟಿ ಇನ್ನೂ ಕೆಲವೇ ವರ್ಷ. ಅದರ ಉತ್ತರದ ಗಡಿ ಕಾಯಲು ಮತ್ತೆ ಇದೇ ಬೆಟ್ಟ ಬೇಕಾಯಿತು. ಪುಲಕೇಶಿಗೆ ರಾಜ್ಯದ ನಡುಮನೆಯಾಗಿದ್ದದ್ದು ಹರಿಹರನಿಗೆ ಹೊಸ್ತಿಲಾಯಿತು. ಮುಂದೆ ಅದು ವಿಜಾಪುರದ ಆದಿಲಶಾಹಿಗಳ ಕೈಗೆ, ಆಮೇಲೆ ಮರಾಠರಿಗೆ, ಮೈಸೂರಿನ ಹೈದರ್ ಮತ್ತು ಟಿಪ್ಪುವಿಗೆ ಹೋಯಿತು. 1786ರ ಮೇ ತಿಂಗಳಲ್ಲಿ ಮರಾಠರೂ ನಿಜಾಮನ ಸೈನ್ಯವೂ ಸೇರಿ ಟಿಪ್ಪುವಿನ ಕಾವಲಿದ್ದ ಬಾದಾಮಿಗೆ ಸುಮಾರು ಮೂರು ವಾರ ಮುತ್ತಿಗೆ ಹಾಕಿ ವಶಪಡಿಸಿಕೊಂಡರು. 1818ರಲ್ಲಿ ಥಾಮಸ್ ಮನ್ರೋ ಅದನ್ನು ಪೇಶ್ವೆಯ ಕಡೆಯವರಿಂದ ಗೆದ್ದ. ಬ್ರಿಟಿಷರು ಬಂದ ಮೇಲೂ ಕೋಟೆಯ ನೆನಪು ಆರಲಿಲ್ಲ. 1840ರ ದಶಕದ ಆರಂಭದಲ್ಲಿ ನರಸಿಂಗ ಎಂಬ ಕುರುಡ ಬ್ರಾಹ್ಮಣನೊಬ್ಬನ ಮುಂದಾಳತನದಲ್ಲಿ ನೂರಿಪ್ಪತ್ತೈದು ಅರಬರು ನಿಜಾಮನ ಸೀಮೆಯಿಂದ ಬಂದು ಬಾದಾಮಿಯನ್ನು ಹಿಡಿದು, ಅವನನ್ನೇ ಅರಸನೆಂದು ಸಾರಿದರು. ಧಾರವಾಡದಿಂದ ಬಂದ ಪಡೆ ಕೆಲವೇ ದಿನಗಳಲ್ಲಿ ಅವರನ್ನು ಹಿಡಿಯಿತು. ಬಾದಾಮಿಯಲ್ಲಿ ಅರಸನೆಂದು ಕರೆಸಿಕೊಂಡ ಕೊನೆಯವನು ಹೀಗೆ ಕಣ್ಣಿಲ್ಲದ ಒಬ್ಬ ಬಂಡಾಯಗಾರ. ಅವನ ಹೆಸರು ಯಾವ ಬಂಡೆಯ ಮೇಲೂ ಇಲ್ಲ.

ಈ ಪಟ್ಟಿಯನ್ನು ಒಟ್ಟಿಗೆ ನೋಡಿದರೆ ಒಂದು ವಿಷಯ ಹೊಳೆಯುತ್ತದೆ. ಬಂದ ಪ್ರತಿ ಅರಸನೂ ಬೆಟ್ಟ ಮತ್ತು ಕೆರೆ ಎರಡನ್ನೂ ಹಿಡಿಯಬೇಕಿತ್ತು. ಬೆಟ್ಟದ ಮೇಲೆ ಹೊಸ ಗೋಡೆ ಕಟ್ಟಿದ, ತೋಪು ಏರಿಸಿದ, ಹಳೆಯದನ್ನು ಮುರಿದ. ಕೆರೆಯನ್ನು ಮಾತ್ರ ಯಾರೂ ಕೆಡಿಸಲಾಗಲಿಲ್ಲ, ಕೆಡಿಸಿದರೆ ತನ್ನ ಕಾವಲಿನವರಿಗೇ ನೀರಿಲ್ಲ. ಬೆಟ್ಟಕ್ಕೆ ಅರಸರು ಬೇಕಿತ್ತು, ಕೆರೆಗೆ ಊರು ಸಾಕಿತ್ತು. ರಾಜಧಾನಿ ಹೋದ ಮೇಲೂ ಊರು ಹಾಳಾಗದೆ ಉಳಿದದ್ದಕ್ಕೆ ನನಗೆ ತೋಚುವ ಮುಖ್ಯ ಕಾರಣ ಇದೇ.

19ನೆಯ ಶತಮಾನದಲ್ಲಿ ಬೇರೊಂದು ಬಗೆಯ ಆಳ್ವಿಕೆ ಬಂತು. ಜೇಮ್ಸ್ ಬರ್ಜೆಸ್ 1874ರಲ್ಲಿ ಬೆಳಗಾವಿ ಮತ್ತು ಕಲಾದಗಿ ಜಿಲ್ಲೆಗಳ ಪುರಾತತ್ವ ವರದಿ ಪ್ರಕಟಿಸಿದ. ಜೆ.ಎಫ್. ಫ್ಲೀಟ್ ಶಾಸನಗಳನ್ನು ಓದಿ ಅಚ್ಚು ಹಾಕಿಸಿದ. ಈ ದುಡಿಮೆ ಇಲ್ಲದಿದ್ದರೆ ನಾನು ಮೇಲೆ ಬರೆದ ಅರ್ಧದಷ್ಟು ಯಾರಿಗೂ ತಿಳಿಯುತ್ತಿರಲಿಲ್ಲ, ಅದನ್ನು ಮರೆಯಬಾರದು. ಆದರೆ ಆಗಿನಿಂದಲೇ ಊರು ಎರಡಾಯಿತು: ಒಂದು ನೋಡಬೇಕಾದ ವಾತಾಪಿ, ಇನ್ನೊಂದು ನೋಟಕ್ಕೆ ಅಡ್ಡ ಬರುವ ಬಾದಾಮಿ.

ಮೊದಲು ಕೇಳಿದ ಪ್ರಶ್ನೆಗೆ ಈಗ ಮರಳಬಹುದು. 1958ರ ಪ್ರಾಚೀನ ಸ್ಮಾರಕಗಳ ಕಾಯಿದೆ ಮತ್ತು ಅದರ 2010ರ ತಿದ್ದುಪಡಿಯಂತೆ ರಾಷ್ಟ್ರೀಯ ಮಹತ್ವದ ಸ್ಮಾರಕದ ಸುತ್ತ 100 ಮೀಟರ್ ನಿಷೇಧಿತ ಪ್ರದೇಶ, ಅದರಾಚೆ ಇನ್ನೂ 200 ಮೀಟರ್ ನಿಯಂತ್ರಿತ ಪ್ರದೇಶ. ಬಯಲಿನಲ್ಲಿ ಒಂಟಿಯಾಗಿ ನಿಂತ ಗುಡಿಗೆ ಇದು ಸರಿಯಾದ ರಕ್ಷಣೆ. ಗುಡಿಯ ಗೋಡೆಗೆ ಮನೆಯ ಗೋಡೆ ತಾಗಿರುವ ಊರಿನಲ್ಲಿ ಅದರ ಅರ್ಥ ಬೇರೆ. ಅಲ್ಲಿ ಮಗನಿಗೆ ಮದುವೆಯಾಯಿತೆಂದು ಒಂದು ಕೋಣೆ ಹೆಚ್ಚಿಗೆ ಕಟ್ಟಿಕೊಳ್ಳುವಂತಿಲ್ಲ. ಆ ಮನೆಯವರನ್ನು ನಾವು ಅತಿಕ್ರಮಣ ಮಾಡಿದವರೆಂದು ನೋಡುವುದೋ, ಕೆರೆಯ ನೀರಿನ ಜೊತೆ ಉಳಿದುಬಂದವರೆಂದು ನೋಡುವುದೋ? ಇತಿಹಾಸ 757ಕ್ಕೆ ಮುಗಿಯಿತೆಂದು ಬರೆದರೆ ಮೊದಲ ಉತ್ತರ ಸಹಜವಾಗಿ ಬರುತ್ತದೆ. ಇತಿಹಾಸ ಬರೆಯುವವರು ಕಾಯಿದೆ ಮಾಡುವುದಿಲ್ಲ, ನಿಜ. ಯಾವುದು ಸ್ಮಾರಕ, ಯಾವುದು ಅಡ್ಡಿ ಎಂಬ ಕಣ್ಣನ್ನು ಕೊಡುವವರು ಮಾತ್ರ ನಾವೇ.

ನಾನು ಗುಡಿಯ ಪಕ್ಕದ ಮನೆಗಳೆಲ್ಲ ಹಾಗೇ ಇರಲಿ ಎನ್ನುತ್ತಿಲ್ಲ. ಮರಳುಗಲ್ಲು ಮೆದು, ತೇವಕ್ಕೂ ಹೊಗೆಗೂ ಕರಗುತ್ತದೆ. ನರಸಿಂಹವರ್ಮನ ಶಾಸನದ ಸ್ಥಿತಿ ನೋಡಿದವರಿಗೆ ರಕ್ಷಣೆಯ ತುರ್ತು ಬೇರೆ ಹೇಳಬೇಕಿಲ್ಲ. ಐಹೊಳೆ-ಬಾದಾಮಿ-ಪಟ್ಟದಕಲ್ಲುಗಳನ್ನು ಒಟ್ಟಾಗಿ ವಿಶ್ವ ಪರಂಪರೆಯ ತಾತ್ಕಾಲಿಕ ಪಟ್ಟಿಗೆ 2015ರಲ್ಲಿ ಸೇರಿಸಲಾಗಿದೆ. ಮುಂದೆ ಇಲ್ಲಿ ಏನೇನು ತೆರವಾಗಬೇಕು ಎಂಬ ಚರ್ಚೆ ಬಂದೇ ಬರುತ್ತದೆ. ಆ ಚರ್ಚೆಯಲ್ಲಿ ಊರನ್ನೂ ಸ್ಮಾರಕದಷ್ಟೇ ಹಳೆಯ ಸಾಕ್ಷಿಯೆಂದು ಕೂರಿಸಬೇಕು ಎಂಬುದಷ್ಟೇ ನನ್ನ ಮಾತು.

ಬಾದಾಮಿಯಿಂದ ಸ್ವಲ್ಪ ದೂರದಲ್ಲಿ ಬನಶಂಕರಿಯಿದ್ದಾಳೆ. ಚಾಲುಕ್ಯರ ಕುಲದೇವತೆಯೆಂದು ಅವಳ ಖ್ಯಾತಿ. ಈಗಿನ ಗುಡಿ 18ನೆಯ ಶತಮಾನದಲ್ಲಿ ಮರಾಠಾ ಸರದಾರನೊಬ್ಬ ಜೀರ್ಣೋದ್ಧಾರ ಮಾಡಿಸಿದ್ದು. ಬನದ ಹುಣ್ಣಿಮೆಗೆ ತೇರು ಎಳೆದ ಮೇಲೆ ಜಾತ್ರೆ ವಾರಗಟ್ಟಲೆ ನಡೆಯುತ್ತದೆ. ಉತ್ತರ ಕರ್ನಾಟಕದ ವೃತ್ತಿ ನಾಟಕ ಕಂಪನಿಗಳು ಟೆಂಟು ಹಾಕಿ ರಾತ್ರಿಯಿಡೀ ಆಡುತ್ತವೆ. ಜೋಳದ ರೊಟ್ಟಿ, ಶೇಂಗಾ ಹಿಂಡಿ ಕಟ್ಟಿಕೊಂಡು ಬಂದ ಜನಕ್ಕೆ ಕುಲದೇವತೆಯ ಕುಲ ಯಾವುದು, ಗುಡಿ ಕಟ್ಟಿಸಿದವನು ಯಾರು ಎಂಬುದು ಮುಖ್ಯವಲ್ಲ. ಅವರು ವರ್ಷವೂ ಬರುತ್ತಾರೆ. ಪುಲಕೇಶಿಯ ಮೊದಲೂ ಯಾರೋ ಆ ಕೆರೆಯ ದಡಕ್ಕೆ ನೀರಿಗೆ ಬರುತ್ತಿದ್ದಿರಬೇಕು. ಹತ್ತಿರದ ಸಿಡ್ಲಫಡಿಯ ಬಂಡೆಯಡಿಯಲ್ಲಿ ಇತಿಹಾಸಪೂರ್ವ ಕಾಲದವರು ಬಿಡಿಸಿದ ಕೆಂಪು ಚಿತ್ರಗಳಿವೆ. ಬಾದಾಮಿಯ ಅಧ್ಯಾಯವನ್ನು ಮುಂದೆ ಯಾರಾದರೂ ಹೊಸದಾಗಿ ಬರೆಯುವುದಾದರೆ ಆ ಚಿತ್ರಗಳಿಂದ ಆರಂಭಿಸಿ ಈ ಜಾತ್ರೆಯವರೆಗೆ ಬರಲಿ. ಚಾಲುಕ್ಯರಿಗೆ ನಡುವೆ ಅವರ 210 ವರ್ಷಗಳ ಜಾಗ ಇದ್ದೇ ಇರುತ್ತದೆ.